ಗೋವೆಯ ಕಲ್ಲಿನ ಮನೆ, ಮಾತಿನ ಮನೆ

ಮೇಸ್ತ್ರಿ ಮನೆ ಕಟ್ಟುತ್ತಾನೆ. ಕವಿ ಪದ ಕಟ್ಟುತ್ತಾನೆ. ಅಜ್ಜಿ ಮೊಮ್ಮಕ್ಕಳಿಗೆ ಕಥೆ ಕಟ್ಟಿ ಹೇಳುತ್ತಾಳೆ. ಮೂರಕ್ಕೂ ಕನ್ನಡದಲ್ಲಿ ಇರುವುದು ಒಂದೇ ಕ್ರಿಯಾಪದ. ಪುಸ್ತಕದ ಮೊದಲ ಮಾತಿಗೆ ನಾವು ‘ಪೀಠಿಕೆ’ ಎನ್ನುತ್ತೇವೆ. ಪೀಠಿಕೆಯೆಂದರೆ ವಿಗ್ರಹವೋ ಕಂಬವೋ ನಿಲ್ಲುವ ಅಡಿಗಟ್ಟು. ಕಾವ್ಯವೂ ಒಂದು ಕಟ್ಟಡ ಎಂಬ ಭಾವನೆ ನಾವು ದಿನವೂ ಆಡುವ ಈ ಮಾತುಗಳಲ್ಲಿಯೇ ಅಡಗಿದೆ.

ಆದರೂ ಒಂದು ವ್ಯತ್ಯಾಸವಿದೆ. ನಮ್ಮ ಪೂರ್ವಿಕರು ಕಾವ್ಯದ ಭಾಗಗಳಿಗೆ ಹೆಸರಿಡುವಾಗ ಹೆಚ್ಚಾಗಿ ಗಿಡಮರಗಳನ್ನೂ ದೇಹವನ್ನೂ ನೆನೆದರು. ರಾಮಾಯಣದ ‘ಕಾಂಡ’ವೆಂದರೆ ದಂಟು. ಭಾರತದ ‘ಪರ್ವ’ವೆಂದರೆ ಕಬ್ಬು ಬಿದಿರುಗಳ ಗೆಣ್ಣು. ಭಾಗವತದ ‘ಸ್ಕಂಧ’ವೆಂದರೆ ಹೆಗಲು, ಮರದ ಬೊಡ್ಡೆ. ಪಂಪ ತನ್ನ ಭಾರತವನ್ನು ಹದಿನಾಲ್ಕು ‘ಆಶ್ವಾಸ’ಗಳಲ್ಲಿ ಹೇಳಿದ, ಆಶ್ವಾಸವೆಂದರೆ ಉಸಿರು. ಕುಮಾರವ್ಯಾಸನ ‘ಸಂಧಿ’ಯೆಂದರೆ ಕೀಲು. ಪದ್ಯದ ಸಾಲಂತೂ ‘ಪಾದ’ವೇ ಆಯಿತು.

ಇಟಲಿಯವರು ಹಾಗಲ್ಲ. ಅವರು ಪದ್ಯಕ್ಕೆ ‘ಸ್ಟಾಂಜಾ’ ಎಂದರು. ಆ ಮಾತಿನ ಅರ್ಥ ಕೋಣೆ. ಇಂಗ್ಲಿಷ್ ತರಗತಿಯಲ್ಲಿ ನಮ್ಮ ಮಕ್ಕಳು ‘ಮೊದಲನೆಯ ಸ್ಟಾಂಜಾ, ಎರಡನೆಯ ಸ್ಟಾಂಜಾ’ ಎಂದು ಓದುವಾಗ, ತಿಳಿಯದೆಯೇ ಒಂದು ಮನೆಯ ಕೋಣೆಯಿಂದ ಕೋಣೆಗೆ ನಡೆಯುತ್ತಾರೆ. ಸಾಹಿತ್ಯವನ್ನು ಮನೆಯಂತೆ ಕಾಣುವ ಈ ರೀತಿ ಯುರೋಪಿನಲ್ಲಿ ಹೇಗೆ ಬಲಿಯಿತು, ಅದು ಹಡಗು ಹತ್ತಿ ನಮ್ಮ ನೆರೆಯ ಗೋವೆಗೆ ಬಂದು ಏನಾಯಿತು, ಅದರಲ್ಲಿ ನಮಗೆ, ಅಂದರೆ ಬೇರೊಂದು ಭಾಷೆಯ ನಡುವೆ ಮನೆಮಾತನ್ನು ಕಾಪಾಡಿಕೊಳ್ಳಬೇಕಾದವರಿಗೆ, ಕಲಿಯಲು ಏನಿದೆ ಎಂಬುದನ್ನು ಇಲ್ಲಿ ನೋಡೋಣ.

ಮೊದಲು ಆಯ, ಆಮೇಲೆ ಗೋಡೆ

ನಮ್ಮ ಕಡೆ ಆಚಾರಿಯು ಮನೆಗೆ ಕಲ್ಲು ಇಡುವ ಮುಂಚೆ ‘ಆಯ’ ನೋಡುತ್ತಾನೆ. ಉದ್ದಕ್ಕೂ ಅಗಲಕ್ಕೂ ಲೆಕ್ಕ ಕೂಡಿಬರಬೇಕು. ಲೆಕ್ಕ ತಪ್ಪಿದರೆ ಎಷ್ಟು ಚೆಂದದ ಕೆತ್ತನೆ ಮಾಡಿದರೂ ಅದು ಒಳ್ಳೆಯ ಮನೆಯಲ್ಲ. ಪ್ರಾಚೀನ ರೋಮಿನ ವಿಟ್ರುವಿಯಸ್ ಎಂಬ ಶಿಲ್ಪಿ ಸುಮಾರು ಎರಡು ಸಾವಿರ ವರ್ಷಗಳ ಹಿಂದೆ ವಾಸ್ತುವಿನ ಬಗ್ಗೆ ಹತ್ತು ಭಾಗಗಳ ಗ್ರಂಥ ಬರೆದ. ಕಟ್ಟಡಕ್ಕೆ ಗಟ್ಟಿತನ, ಉಪಯೋಗ, ಚೆಲುವು ಎಂಬ ಮೂರು ಗುಣಗಳಿರಬೇಕೆಂದೂ, ಅದರ ಭಾಗಗಳ ಅಳತೆ ಮನುಷ್ಯ ಶರೀರದ ಅಂಗಗಳಂತೆ ಒಂದಕ್ಕೊಂದು ಹೊಂದಬೇಕೆಂದೂ ಅವನ ಮತ.

ಹದಿನೈದನೆಯ ಶತಮಾನದಲ್ಲಿ ಇಟಲಿಯ ವಿದ್ವಾಂಸರು ಈ ಗ್ರಂಥವನ್ನು ಹೊಸ ಕುತೂಹಲದಿಂದ ಓದತೊಡಗಿದರು. ಗ್ರೀಕ್ ಮತ್ತು ಲ್ಯಾಟಿನ್ ವಿದ್ಯೆಗೆ ಮರುಹುಟ್ಟು ಬಂದ ಆ ಕಾಲವನ್ನೇ ರಿನೈಸಾನ್ಸ್ ಅಥವಾ ಪುನರುಜ್ಜೀವನ ಎನ್ನುತ್ತಾರೆ. ಆಗ ಬಾಳಿದ ಆಲ್ಬೆರ್ತಿ ಎಂಬವನು ವಿಟ್ರುವಿಯಸನ ಮಾದರಿಯಲ್ಲೇ ಹತ್ತು ಭಾಗಗಳ ವಾಸ್ತುಗ್ರಂಥ ಬರೆದ. ಅದು ೧೪೮೫ರಲ್ಲಿ ಅಚ್ಚಾಯಿತು. ಒಂದು ಅಂಶವನ್ನೂ ಕೂಡಿಸಲಾಗದ, ಕಳೆಯಲಾಗದ, ಬದಲಿಸಲಾಗದ ಹೊಂದಾಣಿಕೆಯೇ ಚೆಲುವು ಎಂಬುದು ಅವನ ಮಾತಿನ ಸಾರ. ಕವಿತೆಯ ಬಗ್ಗೆಯೂ ಇದನ್ನೇ ಹೇಳಬಹುದಲ್ಲವೆ? ಈ ಆಲ್ಬೆರ್ತಿ ಚರ್ಚುಗಳಿಗೆ ನಕ್ಷೆ ಹಾಕಿದ್ದಲ್ಲದೆ, ಲ್ಯಾಟಿನ್ ಒಂದೇ ವಿದ್ವತ್ತಿನ ಭಾಷೆ ಎಂದು ಜನ ನಂಬಿದ್ದ ಕಾಲದಲ್ಲಿ ತನ್ನ ನಾಡಿನ ಆಡುಮಾತಾದ ತೊಸ್ಕಾನಕ್ಕೆ ಮೊದಲ ವ್ಯಾಕರಣವನ್ನೂ ಬರೆದವನು. ಮನೆ ಕಟ್ಟುವ ಶಾಸ್ತ್ರ ಮತ್ತು ಮಾತು ಕಟ್ಟುವ ಶಾಸ್ತ್ರ ಹೀಗೆ ಒಬ್ಬನ ಕೈಯಲ್ಲೇ ಇದ್ದುವು.

ಕಾವ್ಯವನ್ನು ಮನೆಗೆ ಹೋಲಿಸುವುದು ಅದಕ್ಕೂ ಹಳೆಯದು. ದಾಂತೆ ಮಹಾಕವಿ ೧೩೨೧ರಲ್ಲಿ ತೀರಿಕೊಳ್ಳುವ ಮುಂಚೆ ಮುಗಿಸಿದ ಕಾವ್ಯ ನೂರು ಸರ್ಗಗಳದು. ಒಂದು ಪ್ರವೇಶ ಸರ್ಗ, ಉಳಿದುವು ನರಕ, ಶುದ್ಧಿಲೋಕ, ಸ್ವರ್ಗಗಳಿಗೆ ಸಮವಾಗಿ ಮೂವತ್ತಮೂರರಂತೆ. ಆದರೆ ಪುನರುಜ್ಜೀವನ ಕಾಲದಲ್ಲಿ ಈ ಹೋಲಿಕೆ ಬರಿಯ ಹೋಲಿಕೆಯಾಗಿ ಉಳಿಯಲಿಲ್ಲ. ಲೇಖಕರ ಕೆಲಸದ ಕ್ರಮವೇ ಆಯಿತು. ಸ್ಪೇನಿನ ಸಂತ ತೆರೇಸಾ ೧೫೭೭ರಲ್ಲಿ ಆತ್ಮವನ್ನು ಏಳು ನಿವಾಸಗಳ ಕೋಟೆಯಾಗಿ ವರ್ಣಿಸಿ ಗ್ರಂಥ ಬರೆದಳು. ಅದರ ಭಾಗಗಳೂ ಏಳೇ. ಇಂಗ್ಲೆಂಡಿನ ಸ್ಪೆನ್ಸರ್ ೧೫೯೦ರ ತನ್ನ ಕಾವ್ಯದಲ್ಲಿ ಮಾನವ ದೇಹವನ್ನೇ ಒಂದು ಕೋಟೆಮನೆಯಾಗಿ ಚಿತ್ರಿಸಿದ. ಹೊಟ್ಟೆಯೇ ಅದರ ಅಡಿಗೆಮನೆ, ತಲೆಯೇ ಅದರ ಉಪ್ಪರಿಗೆ. ಅದಕ್ಕಿಂತ ನಾಲ್ಕು ಶತಮಾನ ಹಿಂದೆಯೇ ಬಸವಣ್ಣನವರು ತಮ್ಮ ಶರೀರವನ್ನು ಗುಡಿಯಾಗಿ ಕಂಡದ್ದು ನಮಗೆ ಇಲ್ಲಿ ನೆನಪಾಗದೆ ಇರದು. ಜಾರ್ಜ್ ಹರ್ಬರ್ಟ್ ಎಂಬ ಪಾದ್ರಿಯ ಕವನಸಂಗ್ರಹ ೧೬೩೩ರಲ್ಲಿ ‘ಮಂದಿರ’ ಎಂಬ ಅರ್ಥದ ಹೆಸರಿನಿಂದಲೇ ಹೊರಬಂತು. ಓದುಗ ಮೊದಲು ಚರ್ಚಿನ ಜಗಲಿಯೆಂಬ ಕವಿತೆಯನ್ನು ದಾಟಿ, ಆಮೇಲೆ ಒಳಗೆ ಹೋಗಿ ವೇದಿಕೆ, ನೆಲ, ಕಿಟಕಿ ಎಂಬ ಕವಿತೆಗಳನ್ನು ಕಾಣಬೇಕು.

ನಾಟಕಕಾರ ಬೆನ್ ಜಾನ್ಸನನ ಮಲತಂದೆ ಇಟ್ಟಿಗೆ ಕೆಲಸದವನು. ಜಾನ್ಸನ್ ತಾನೂ ಕೆಲವು ಕಾಲ ಇಟ್ಟಿಗೆ ಇಟ್ಟವನು. ಕಾವ್ಯದ ಕಥಾವಸ್ತು ಎಷ್ಟು ದೊಡ್ಡದಿರಬೇಕೆಂದು ವಿವರಿಸುವಾಗ ಅವನು ಮನೆಯ ನಿವೇಶನದ ಉದಾಹರಣೆಯನ್ನೇ ಕೊಡುತ್ತಾನೆ. ಅಚ್ಚಿನ ಪುಸ್ತಕಗಳೂ ಇದೇ ದಾರಿ ಹಿಡಿದುವು. ಮೊದಲ ಪುಟದ ಎರಡು ಬದಿಗೆ ಎರಡು ಕಂಬ, ಮೇಲೊಂದು ತೊಲೆ, ನಡುವೆ ಪುಸ್ತಕದ ಹೆಸರು. ಓದುಗ ಹೊಸ್ತಿಲು ದಾಟಿ ಒಳಗೆ ಬಂದಂತೆ ಈ ಏರ್ಪಾಡು.

ಹೆಬ್ಬಾಗಿಲಿನ ಕಾವ್ಯ

ಇಷ್ಟೆಲ್ಲ ದೂರದೇಶದ ಸಂಗತಿಯಾಯಿತು. ಇವನ್ನು ಕಣ್ಣಾರೆ ಕಾಣಲು ನಾವು ಇಟಲಿಗೆ ಹೋಗಬೇಕಾಗಿಲ್ಲ. ಕೊಂಕಣ ರೈಲು ೧೯೯೮ರಲ್ಲಿ ಪೂರ್ತಿ ಓಡತೊಡಗಿದ ಮೇಲೆ ಕಾಸರಗೋಡಿನಿಂದ ಮಡಗಾಂವ್ ಅರ್ಧ ದಿನದ ದಾರಿಯಷ್ಟೆ. ಶಾಲೆಯ ಮಕ್ಕಳನ್ನು ಪ್ರವಾಸಕ್ಕೆ ಕರೆದೊಯ್ಯುವ ನಾವು ಗೋವೆಯಲ್ಲಿ ಸಮುದ್ರತೀರ ತೋರಿಸಿ, ಹಳೆಗೋವೆಯಲ್ಲಿ ಒಂದು ಗಂಟೆ ನಿಲ್ಲಿಸಿ ಮುಂದೆ ಸಾಗುತ್ತೇವೆ. ಅಲ್ಲಿ ಸ್ವಲ್ಪ ಹೆಚ್ಚು ಹೊತ್ತು ನಿಲ್ಲಬೇಕು.

ಪೋರ್ಚುಗೀಸರು ಬಿಜಾಪುರದ ಆದಿಲಶಾಹಿಯಿಂದ ಗೋವೆಯನ್ನು ಗೆದ್ದದ್ದು ೧೫೧೦ರಲ್ಲಿ. ಲೂಯಿಸ್ ದೆ ಕಮೋಯಿಸ್ ಎಂಬ ಬಡ ಸಿಪಾಯಿ ೧೫೫೩ರಲ್ಲಿ ಅಲ್ಲಿ ಬಂದಿಳಿದ. ಅವನ ಮಹಾಕಾವ್ಯ ‘ಓಸ್ ಲೂಸಿಯಾದಾಸ್’ ೧೫೭೨ರಲ್ಲಿ ಲಿಸ್ಬನ್ ನಗರದಲ್ಲಿ ಅಚ್ಚಾಯಿತು. ಅದರ ಮೊದಲ ಪುಟವೇ ಒಂದು ಬಾಗಿಲು. ಎರಡು ಬದಿ ಕಂಬಗಳು, ಮೇಲೆ ಒಂದು ಪೆಲಿಕನ್ ಹಕ್ಕಿ. ಒಳಗೆ ಹತ್ತು ಸರ್ಗ, ಎಂಟೆಂಟು ಸಾಲಿನ ೧,೧೦೨ ಪದ್ಯ. ಪೋರ್ಚುಗೀಸಿನಲ್ಲಿ ಪದ್ಯಕ್ಕೆ ಹೇಳುವ ‘ಎಶ್ತಾನ್ಸಿಯಾ’ ಎಂಬ ಮಾತಿಗೂ ತಂಗುವ ಸ್ಥಳ ಎಂಬ ಅರ್ಥವುಂಟು.

ವಾಸ್ಕೋ ಡ ಗಾಮನ ಹಡಗುಗಳು ಕಲ್ಲಿಕೋಟೆಗೆ ಬಂದ ಕಥೆಯಿದು. ಆದರೆ ಕವಿ ಕಥೆಯನ್ನು ನೇರವಾಗಿ ಹೇಳಿ ಮುಗಿಸುವುದಿಲ್ಲ. ಹಡಗುಗಳು ದಕ್ಷಿಣ ಆಫ್ರಿಕದ ಭೂಶಿರವನ್ನು ದಾಟುವಾಗ ಎದ್ದುನಿಲ್ಲುವ ರಾಕ್ಷಸನ ಪ್ರಸಂಗವನ್ನು ಐದನೆಯ ಸರ್ಗದಲ್ಲಿ, ಹೆಚ್ಚುಕಡಿಮೆ ಕಾವ್ಯದ ನಡುಮನೆಯಲ್ಲಿಯೇ ಇರಿಸುತ್ತಾನೆ. ಆರನೆಯ ಸರ್ಗದಲ್ಲಿ ಸಮುದ್ರರಾಜನ ಅರಮನೆಯ ಬಾಗಿಲುಗಳಿವೆ, ಅವುಗಳ ಮೇಲೆ ಸೃಷ್ಟಿಯ ಕಥೆಯ ಕೆತ್ತನೆಯಿದೆ. ಏಳನೆಯದರಲ್ಲಿ ಕಲ್ಲಿಕೋಟೆಯ ಸಾಮೂದಿರಿಯ ಅರಮನೆಯ ಬಾಗಿಲುಗಳಿವೆ, ಅಲ್ಲಿ ಭಾರತಕ್ಕೆ ದಂಡೆತ್ತಿ ಬಂದವರ ಚಿತ್ರಗಳು. ಎಂಟನೆಯದರಲ್ಲಿ ಹಡಗಿನ ಪತಾಕೆಗಳ ಮೇಲಣ ಚಿತ್ರಗಳನ್ನು ಒಂದೊಂದಾಗಿ ತೋರಿಸಿ ಪೋರ್ಚುಗಲಿನ ಇತಿಹಾಸ ಹೇಳಿಸುತ್ತಾನೆ. ಎಲ್ಲೆಲ್ಲಿ ಹಳೆಯ ಚರಿತ್ರೆ ಹೇಳಬೇಕೋ ಅಲ್ಲೆಲ್ಲ ಕವಿಗೆ ಒಂದು ಬಾಗಿಲೋ ಚಿತ್ರಶಾಲೆಯೋ ಒದಗುತ್ತದೆ. ಸಾಮೂದಿರಿಯ ನಿಜವಾದ ಅರಮನೆಯ ಬಾಗಿಲಲ್ಲಿ ಗ್ರೀಕ್ ದೇವತೆಗಳ ಕೆತ್ತನೆಯಿರಲಿಲ್ಲವೆಂದು ಮಲಬಾರಿನವರಾದ ನಮಗೆ ಹೇಳಿಕೊಡಬೇಕಾಗಿಲ್ಲ. ಕವಿ ಕಲ್ಲಿಕೋಟೆಯಲ್ಲಿ ಕಟ್ಟಿದ್ದು ಇಟಲಿಯ ಬಾಗಿಲು.

ಕಾವ್ಯ ಅಚ್ಚಾಗಿ ಇಪ್ಪತ್ತೇಳು ವರ್ಷಗಳ ಮೇಲೆ, ೧೫೯೯ರಲ್ಲಿ, ವಾಸ್ಕೋ ಡ ಗಾಮನ ಮರಿಮಗನೇ ಗೋವೆಯ ವೈಸರಾಯನಾಗಿದ್ದಾಗ, ಮಾಂಡವಿ ಹೊಳೆಯ ದಡದಲ್ಲಿ ವೈಸರಾಯರ ಕಮಾನು ಎದ್ದಿತು. ಹೊಳೆಯ ಕಡೆಯ ಗೂಡಿನಲ್ಲಿ ಗಾಮನ ವಿಗ್ರಹ. ಹೊಸ ವೈಸರಾಯ ಹಡಗಿನಿಂದಿಳಿದು ಈ ಬಾಗಿಲಿನಿಂದಲೇ ನಗರ ಪ್ರವೇಶಿಸಬೇಕು. ಕಾವ್ಯ ಕಾಗದದ ಮೇಲೆ ಮಾಡಿದ್ದನ್ನು ಕಮಾನು ಕಲ್ಲಿನಲ್ಲಿ ಮಾಡಿತು. ಎರಡೂ ಗೆದ್ದವರ ಹೆಬ್ಬಾಗಿಲುಗಳೇ. ನಾವೀಗ ನೋಡುವ ಕಮಾನು ೧೯೫೪ರಲ್ಲಿ ತಿರುಗಿ ಕಟ್ಟಿದ್ದು.

ನೆನಪಿಗೊಂದು ಅರಮನೆ

ಕಣ್ಣಿಗೆ ಕಾಣದ ಕಟ್ಟಡವೊಂದೂ ಆ ಕಾಲದ ಗೋವೆಯ ದಾರಿಯಾಗಿ ಸಾಗಿಹೋಯಿತು. ಇಟಲಿಯ ಮತ್ತೇಯೊ ರಿಚ್ಚಿ ೧೫೭೮ರಲ್ಲಿ ಗೋವೆಗೆ ಬಂದು, ನಡುವೆ ಕೊಚ್ಚಿಯಲ್ಲಿಯೂ ಇದ್ದು, ೧೫೮೨ರಲ್ಲಿ ಚೀನದ ಕಡೆಗೆ ಹೊರಟುಹೋದ. ಅವನು ೧೫೯೬ರಲ್ಲಿ ಚೀನೀ ಭಾಷೆಯಲ್ಲಿ ನೆನಪಿನ ವಿದ್ಯೆಯ ಬಗ್ಗೆ ಪುಸ್ತಕ ಬರೆದ. ಮನಸ್ಸಿನಲ್ಲಿ ಒಂದು ಅರಮನೆ ಕಟ್ಟಿಕೊಳ್ಳಬೇಕು. ನೆನಪಿಡಬೇಕಾದ ಒಂದೊಂದು ಸಂಗತಿಯನ್ನೂ ಒಂದೊಂದು ಕೋಣೆಯಲ್ಲಿ ಚಿತ್ರವಾಗಿ ಇಡಬೇಕು. ಬೇಕಾದಾಗ ಆ ಕೋಣೆಗಳಲ್ಲಿ ನಡೆದುಹೋದರಾಯಿತು. ಇದೇ ಆ ವಿದ್ಯೆಯ ಸಾರ.

ಇದು ಗ್ರೀಕ್ ಕವಿ ಸಿಮೋನಿಡೀಸನ ಕಾಲದಿಂದ ಬಂದದ್ದೆಂದು ಹೇಳುತ್ತಾರೆ. ಔತಣದ ಮನೆಯೊಂದರ ಮಾಡು ಕುಸಿದು ಒಳಗಿದ್ದವರೆಲ್ಲ ಗುರುತು ಸಿಗದಂತೆ ಸತ್ತರಂತೆ. ಆಗಷ್ಟೇ ಹೊರಗೆ ಬಂದಿದ್ದ ಕವಿ, ಯಾರು ಎಲ್ಲಿ ಕುಳಿತಿದ್ದರೆಂಬ ನೆನಪಿನಿಂದಲೇ ಒಬ್ಬೊಬ್ಬರನ್ನೂ ಗುರುತಿಸಿಕೊಟ್ಟನಂತೆ. ಸ್ಥಳದ ಕ್ರಮ ತಿಳಿದರೆ ನೆನಪಿನ ಕ್ರಮವೂ ಸಿದ್ಧಿಸುತ್ತದೆ ಎಂಬುದು ತಾತ್ಪರ್ಯ. ತಾಳಮದ್ದಳೆ ಕೇಳಿ ಬೆಳೆದ ನಮಗೆ ಇದು ಅಪರಿಚಿತವಲ್ಲ. ಪಾರ್ತಿಸುಬ್ಬನ ಪ್ರಸಂಗದ ಪದ್ಯಗಳು ಬರಿಯ ಕಂಬಗಳು. ಕಂಬದಿಂದ ಕಂಬಕ್ಕೆ ಗೋಡೆ ಎಬ್ಬಿಸುವವನು ಅರ್ಥಧಾರಿ. ಕಂಬಗಳ ಕ್ರಮ ಕೆಡದಿದ್ದರೆ ಅವನು ರಾತ್ರಿಯಿಡೀ ಮಾತಾಡಿದರೂ ದಾರಿ ತಪ್ಪುವುದಿಲ್ಲ.

ಹೊರಗಿನ ನಕ್ಷೆ, ಊರಿನ ಕಲ್ಲು

ಈಗ ನಾವು ಹೇಳಹೊರಟ ಮುಖ್ಯ ಸಂಗತಿಗೆ ಬರೋಣ. ಹಳೆಗೋವೆಯ ಬೊಂ ಜೇಸು ಚರ್ಚಿನ ಕೆಲಸ ೧೫೯೪ರಲ್ಲಿ ಆರಂಭವಾಗಿ ೧೬೦೫ರಲ್ಲಿ ಅದರ ಪ್ರತಿಷ್ಠೆಯಾಯಿತು. ಸಂತ ಫ್ರಾನ್ಸಿಸ್ ಝೇವಿಯರರ ಪಾರ್ಥಿವ ಶರೀರ ಇರುವುದು ಅಲ್ಲಿಯೇ. ಅದರ ಮುಂಭಾಗದಲ್ಲಿ ಗ್ರೀಸ್ ರೋಮುಗಳ ಬೇರೆಬೇರೆ ಜಾತಿಯ ಕಂಬಗಳನ್ನು ಅಂತಸ್ತು ಅಂತಸ್ತಾಗಿ ಏರಿಸಿದ್ದಾರೆ. ನಕ್ಷೆ ಯುರೋಪಿನದು. ಕಲ್ಲು ಯಾವುದು? ನಮ್ಮ ಬೇಕಲ ಕೋಟೆಗೂ ನಮ್ಮ ಮನೆಗಳಿಗೂ ಇಟ್ಟ ಅದೇ ಮುರಕಲ್ಲು. ಹೊರಗಿನ ಸುಣ್ಣದ ಗಾರೆಯನ್ನು ಇಪ್ಪತ್ತನೆಯ ಶತಮಾನದ ನಡುವಿನಲ್ಲಿ ಕೆರೆದು ತೆಗೆದುದರಿಂದ ಗೋಡೆಯ ಕೆಂಪು ಈಗ ಎದ್ದು ಕಾಣುತ್ತದೆ. ಮುರಕಲ್ಲಿನ ಗುಣ ನಮ್ಮವರಿಗೆ ಗೊತ್ತೇ ಇದೆ. ಪಣೆಯಿಂದ ಕಡಿದು ತೆಗೆಯುವಾಗ ಮೆತ್ತಗಿರುತ್ತದೆ, ಗಾಳಿ ತಗಲಿದಂತೆ ಗಟ್ಟಿಯಾಗುತ್ತದೆ.

ಈ ಚರ್ಚು ಏಳುತ್ತಿದ್ದ ವರ್ಷಗಳಲ್ಲೇ ಗೋವೆಯ ಸಾಷ್ಟಿ ಭಾಗದಲ್ಲಿ ಇನ್ನೊಂದು ಕಟ್ಟಡ ಮಾತಿನಲ್ಲಿ ಏಳುತ್ತಿತ್ತು. ಅದನ್ನು ಕಟ್ಟಿದವನು ಥಾಮಸ್ ಸ್ಟೀಫನ್ಸ್ ಎಂಬ ಇಂಗ್ಲಿಷ್ ಪಾದ್ರಿ. ೧೫೭೯ರ ಅಕ್ಟೋಬರದಲ್ಲಿ ಗೋವೆಗೆ ಬಂದ ಅವನು ೧೬೧೯ರಲ್ಲಿ ಅಲ್ಲಿಯೇ ತೀರಿಕೊಂಡ. ಈ ನಾಲ್ವತ್ತು ವರ್ಷಗಳ ಬಹುಪಾಲು ಸಾಷ್ಟಿಯ ಜನರ ನಡುವೆ ಕಳೆಯಿತು. ಲ್ಯಾಟಿನ್ ಗ್ರೀಕುಗಳನ್ನು ಓದಿದ್ದ ಅವನು, ಇಲ್ಲಿಯ ಭಾಷೆಗಳ ರಚನೆ ಆ ಭಾಷೆಗಳಿಗೆ ಹೋಲುತ್ತದೆಂದು ೧೫೮೩ರಲ್ಲಿಯೇ ತನ್ನ ತಮ್ಮನಿಗೆ ಕಾಗದ ಬರೆದಿದ್ದ. ಕೊಂಕಣಿಗೆ ಒಂದು ವ್ಯಾಕರಣವನ್ನೂ ರಚಿಸಿದ. ಅವನು ಸತ್ತ ಮೇಲೆ ೧೬೪೦ರಲ್ಲಿ ರಾಯ್ತೂರಿನಲ್ಲಿ ಅದು ಅಚ್ಚಾಯಿತು. ಅದರ ಹೆಸರಿನಲ್ಲಿ ಕೊಂಕಣಿಯನ್ನು ‘ಕಾನಾರೀ’ ಎಂದಿದ್ದಾರೆ. ಪೋರ್ಚುಗೀಸರ ಬಾಯಲ್ಲಿ ಕನ್ನಡದ ಹೆಸರೇ ಕೊಂಕಣಿಗೂ ಅಂಟಿಕೊಂಡದ್ದಕ್ಕೆ ಇದೊಂದು ಸಾಕ್ಷಿ. ಆಲ್ಬೆರ್ತಿ ತನ್ನ ಆಡುಮಾತಿಗೆ ಮಾಡಿದ್ದನ್ನು ಸ್ಟೀಫನ್ಸ್ ಪರರ ಆಡುಮಾತಿಗೆ ಮಾಡಿದ.

ಅವನ ದೊಡ್ಡ ಕೃತಿ ‘ಕ್ರಿಸ್ತಪುರಾಣ’. ೧೬೧೬ರಲ್ಲಿ ರಾಯ್ತೂರಿನ ಜೆಸುಯಿಟ್ ಕಾಲೇಜಿನಲ್ಲಿ ಅಚ್ಚಾಯಿತು. ಆ ಕಾಲೇಜಿನ ಕಟ್ಟಡಕ್ಕೆ ಅಡಿಗಲ್ಲು ಬಿದ್ದದ್ದು ೧೬೦೬ರಲ್ಲಿ. ಕಟ್ಟಡ ಈಗಲೂ ಅಲ್ಲಿದೆ. ಕೊಂಕಣಿ ಬೆರೆತ ಮರಾಠಿಯಲ್ಲಿ, ಸುಮಾರು ಹನ್ನೊಂದು ಸಾವಿರ ಓವಿಗಳ ಈ ಕಾವ್ಯ ರೋಮನ್ ಲಿಪಿಯಲ್ಲಿ ಹೊರಬಂತು. ಅದರ ನಕ್ಷೆಯನ್ನು ನೋಡಿರಿ. ಎರಡು ದೊಡ್ಡ ಭಾಗಗಳು: ‘ಪೈಲೆಂ ಪುರಾಣ’ ಮತ್ತು ‘ದುಸರೆಂ ಪುರಾಣ’. ಮೊದಲನೆಯದರಲ್ಲಿ ೩೬ ‘ಅವಸ್ವರು’ಗಳು, ಎರಡನೆಯದರಲ್ಲಿ ೫೯. ಮೊದಲ ಭಾಗ ಸೃಷ್ಟಿಯಿಂದ ಆರಂಭಿಸಿ ಲೋಕರಕ್ಷಕನಿಗಾಗಿ ಕಾಯುವವರೆಗೆ; ಎರಡನೆಯದು ಅವನ ಜನನದಿಂದ ಸ್ವರ್ಗಾರೋಹಣದವರೆಗೆ. ಬೈಬಲಿನ ಹಳೆಯ ಹೊಸ ಒಡಂಬಡಿಕೆಗಳ ಜೋಡಿಯೇ ಈ ಎರಡು ಅಂಕಣ. ಇದು ಹೊರಗಿನ ನಕ್ಷೆ.

ಆದರೆ ಒಳಗೆ ಹೋದವನಿಗೆ ಕಾಣುವುದೇನು? ನಮ್ಮ ಪುರಾಣಗಳಂತೆ ಮೊದಲಿಗೆ ದೇವರ ಸ್ತುತಿ. ಆಮೇಲೆ ಭಾಷೆಯ ಸ್ತುತಿ. ರತ್ನಗಳಲ್ಲಿ ಹೂಗಳಲ್ಲಿ ಶ್ರೇಷ್ಠವಾದುವನ್ನು ಎಣಿಸಿ, ಭಾಷೆಗಳಲ್ಲಿ ಮರಾಠಿಯೂ ಹಾಗೆಯೇ ಎಂದು ಇಂಗ್ಲೆಂಡಿನಲ್ಲಿ ಹುಟ್ಟಿದ ಕವಿ ಕೊಂಡಾಡುತ್ತಾನೆ. ಹೊಸದಾಗಿ ಕ್ರೈಸ್ತರಾದವರು ತಮಗೆ ಹಿಂದಿನ ಪುರಾಣಗಳು ಇಲ್ಲವಾದುವು, ಅವುಗಳ ಬದಲಿಗೆ ಓದಲು ಏನಾದರೂ ಬೇಕೆಂದು ಕೇಳುತ್ತಾರೆ, ಪಾದ್ರಿ ಹೇಳುತ್ತಾನೆ. ಸೂತ ಶೌನಕರಂತೆ, ಶುಕ ಪರೀಕ್ಷಿತರಂತೆ ಕೇಳುವವರೂ ಹೇಳುವವನೂ ಇರುವ ಚಾವಡಿಯಿದು. ಛಂದಸ್ಸು ಜ್ಞಾನೇಶ್ವರ ಏಕನಾಥರ ಓವಿ. ನಾಲ್ಕು ಸಾಲು, ಮೊದಲ ಮೂರಕ್ಕೆ ಪ್ರಾಸ, ನಾಲ್ಕನೆಯದು ಮೋಟು. ಬೀಸುವಾಗ ಕುಟ್ಟುವಾಗ ಹೆಂಗಸರು ಹಾಡುತ್ತಿದ್ದ ಮಟ್ಟವೂ ಓವಿಯೇ. ಬೊಂ ಜೇಸುವಿನ ಗೋಡೆಯಲ್ಲಿ ಕಂಡ ರೀತಿಯೇ ಇದು: ನಕ್ಷೆ ಹೊರಗಿನದು, ಕಲ್ಲು ಊರಿನದು. ವಾಸ್ತುಶಾಸ್ತ್ರ ಓದಿ ಸ್ಟೀಫನ್ಸ್ ಕಾವ್ಯ ಬರೆದನೆಂದು ನಮ್ಮ ವಾದವಲ್ಲ. ಒಂದೇ ಕಾಲದ ಒಂದೇ ವಿದ್ಯೆಯ ಜನ, ಕಲ್ಲಿನಲ್ಲಿಯೂ ಮಾತಿನಲ್ಲಿಯೂ ಒಂದೇ ಕ್ರಮದಲ್ಲಿ ಕಟ್ಟಿದರು ಎಂಬುದಷ್ಟೇ ನಾವು ಹೇಳುವುದು. ಕಮೋಯಿಸ್ ಕಲ್ಲಿಕೋಟೆಗೆ ಇಟಲಿಯ ಬಾಗಿಲನ್ನೇ ತಂದು ನಿಲ್ಲಿಸಿದ. ಸ್ಟೀಫನ್ಸ್ ಸಾಷ್ಟಿಯ ಚಾವಡಿಯಲ್ಲೇ ಕುಳಿತ. ವ್ಯತ್ಯಾಸ ಇರುವುದು ಇಲ್ಲಿ.

ಇಷ್ಟು ಹೇಳಿ ಒಂದು ಮಾತನ್ನು ಮುಚ್ಚಿಡಬಾರದು. ಆ ಜನರಿಗೆ ಹಳೆಯ ಪುರಾಣಗಳು ಇಲ್ಲವಾದುದು ತಾನಾಗಿಯೇ ಅಲ್ಲ. ೧೫೪೦ರಿಂದ ತಿಸವಾಡಿಯಲ್ಲಿ, ೧೫೬೦ರ ದಶಕದಲ್ಲಿ ಸಾಷ್ಟಿ ಬಾರ್ದೇಶಗಳಲ್ಲಿ ಸರಕಾರವೇ ದೇವಸ್ಥಾನಗಳನ್ನು ಕೆಡವಿಸಿತ್ತು. ಕುಶಸ್ಥಳಿಯ ಮಂಗೇಶ, ಕೇಳೋಶಿಯ ಶಾಂತಾದುರ್ಗೆ ಹೊಳೆ ದಾಟಿ ಫೋಂಡಾ ಕಡೆಗೆ ಹೋದದ್ದು ಆ ಕಾಲದಲ್ಲಿ. ಎಷ್ಟೋ ಕುಟುಂಬಗಳು ತೆಂಕಣಕ್ಕೆ, ನಮ್ಮ ಕರಾವಳಿಗೂ ಬಂದುವು. ಹಳೆಗೋವೆಯಲ್ಲಿ ಸಂತ ಕಜೆತಾನನ ಚರ್ಚಿನ ಮುಂದೆ ಆದಿಲಶಾಹಿ ಅರಮನೆಯ ಬಾಗಿಲೊಂದೇ ಇಂದು ನಿಂತಿದೆ. ಅದರ ಕಂಬಗಳಲ್ಲಿರುವುದು ಹಿಂದೂ ದೇವಾಲಯದ ಕೆತ್ತನೆ. ಒಂದು ಬಾಗಿಲಲ್ಲಿ ಮೂರು ರಾಜ್ಯಗಳ ಚರಿತ್ರೆ. ಕದಂಬರ ಕಾಲದ ಗುಡಿಯೊಂದನ್ನು ಪೂರ್ತಿಯಾಗಿ ನೋಡಬೇಕಾದರೆ ಸಹ್ಯಾದ್ರಿಯ ಬುಡದ ಕಾಡಿನಲ್ಲಿರುವ ತಾಂಬ್ಡಿ ಸುರ್ಲಾಕ್ಕೆ ಹೋಗಬೇಕು. ಕ್ರಿಸ್ತಪುರಾಣ ಅಂಥ ಕಾಲದಲ್ಲಿ ಹುಟ್ಟಿದ್ದು. ಕೆಡವಿದವರ ಕಡೆಯವನೊಬ್ಬ, ಕಳೆದುಕೊಂಡವರ ಮಾತಿನಲ್ಲಿ, ಕಳೆದುಕೊಂಡವರ ಮನೆಯ ಮಾದರಿಯಲ್ಲಿಯೇ ಕಟ್ಟಿದ ಕಾವ್ಯ. ಈ ಎರಡನ್ನೂ ಒಟ್ಟಿಗೆ ನೆನಪಿಟ್ಟೇ ಅದನ್ನು ಓದಬೇಕು.

ಯಾವ ಮನೆ ನಿಂತಿತು?

ಮುಂದೆ ಆದದ್ದನ್ನು ಕೇಳಿರಿ. ೧೬೮೪ರಲ್ಲಿ ವೈಸರಾಯ ಆಲ್ವೋರ್ ಪ್ರಭು ಒಂದು ಆಜ್ಞೆ ಹೊರಡಿಸಿದ. ಜನರು ತಮ್ಮ ಮಾತನ್ನು ಬಿಟ್ಟು ಮೂರು ವರ್ಷಗಳೊಳಗೆ ಪೋರ್ಚುಗೀಸನ್ನೇ ಆಡುವಂತಾಗಬೇಕು ಎಂಬುದೇ ಆ ಆಜ್ಞೆ. ಸ್ಟೀಫನ್ಸನ ಪುರಾಣ ಅಷ್ಟರಲ್ಲಿ ೧೬೪೯ ಮತ್ತು ೧೬೫೪ರಲ್ಲಿ ತಿರುಗಿ ಅಚ್ಚಾಗಿತ್ತು. ಆ ಮೂರು ಮುದ್ರಣಗಳ ಒಂದು ಪ್ರತಿಯೂ ಇಂದು ದೊರೆಯುವುದಿಲ್ಲ.

ನಗರವೂ ಉಳಿಯಲಿಲ್ಲ. ಸಾಂಕ್ರಾಮಿಕ ರೋಗಗಳಿಗೆ ಹೆದರಿ ಜನ ಹಳೆಗೋವೆಯನ್ನು ತೊರೆದರು. ರಾಜಧಾನಿ ಪಣಜಿಗೆ ಹೋಯಿತು. ೧೫೬೨ರಲ್ಲಿ ತೊಡಗಿ ೧೬೧೯ರಲ್ಲಿ ಮುಗಿದ ಸೆ ಕೆಥೆಡ್ರಲಿನ ಜೋಡಿ ಗೋಪುರಗಳಲ್ಲಿ ಒಂದು ೧೭೭೬ರಲ್ಲಿ ಬಿದ್ದಿತು. ಇಂದಿಗೂ ಅದು ಒಂಟಿ ಗೋಪುರದ ಚರ್ಚೇ. ಸಂತ ಆಗಸ್ಟಿನರ ಚರ್ಚು ೧೮೩೫ರಲ್ಲಿ ಬರಿದಾಯಿತು. ೧೮೪೨ರಲ್ಲಿ ಅದರ ಚಾವಣಿ ಕುಸಿಯಿತು. ೧೯೩೧ರಲ್ಲಿ ಮುಂಭಾಗ ಉರುಳಿತು. ನಲವತ್ತಾರು ಮೀಟರು ಎತ್ತರದ ಗೋಪುರದಲ್ಲಿ ಅರ್ಧ ಮಾತ್ರ ಇಂದು ಆಕಾಶಕ್ಕೆ ಮುಖಮಾಡಿ ನಿಂತಿದೆ. ೧೫೫೬ರಲ್ಲಿ ಅಚ್ಚುಯಂತ್ರ ಬಂದಿಳಿದ ಸಂತ ಪೌಲರ ಕಾಲೇಜಿನಲ್ಲಿ ಉಳಿದದ್ದು ಒಂದು ಕಮಾನು ಬಾಗಿಲು ಮಾತ್ರ.

ಆದರೆ ಪುರಾಣ ಉಳಿಯಿತು. ಹೇಗೆ? ಗೋವೆಯಿಂದ ಮಂಗಳೂರಿನ ಕಡೆಗೆ ಬಂದ ಕ್ರೈಸ್ತ ಕುಟುಂಬಗಳು ಅದರ ಕೈಬರಹದ ಪ್ರತಿಗಳನ್ನು ತಮ್ಮೊಡನೆ ತಂದು ಕಾಪಾಡಿದುವು. ಮನೆಗಳಲ್ಲಿ ಓದಿದುವು, ಹಾಡಿದುವು. ಹಾಗೆ ಉಳಿದ ಪ್ರತಿಗಳನ್ನು ಒಟ್ಟುಗೂಡಿಸಿ ಜೋಸೆಫ್ ಸಲ್ಡಾನ್ಹಾ ಎಂಬವರು ೧೯೦೭ರಲ್ಲಿ ಮಂಗಳೂರಿನಲ್ಲಿಯೇ ಅದನ್ನು ತಿರುಗಿ ಅಚ್ಚು ಮಾಡಿಸಿದರು. ಗೋವೆಯಲ್ಲಿ ಹುಟ್ಟಿದ ಮರಾಠಿ ಕಾವ್ಯಕ್ಕೆ ಕನ್ನಡ ತುಳು ಕೊಂಕಣಿಗಳ ಊರು ಆಶ್ರಯವಾಯಿತು. ನಮ್ಮ ನೆರೆಯ ಪಟ್ಟಣದ ಈ ಹಿರಿಮೆ ನಮ್ಮಲ್ಲಿ ಎಷ್ಟು ಮಂದಿಗೆ ತಿಳಿದಿದೆ? ೧೬೮೪ರಲ್ಲಿ ಮೂರು ವರ್ಷದ ಗಡುವು ಪಡೆದ ಕೊಂಕಣಿಯಾದರೋ ಮುನ್ನೂರಮೂರು ವರ್ಷಗಳ ಮೇಲೆ, ೧೯೮೭ರಲ್ಲಿ, ಗೋವೆಯ ರಾಜ್ಯಭಾಷೆಯಾಯಿತು.

ವಿಟ್ರುವಿಯಸನ ಮೂರು ಗುಣಗಳಿಂದ ಅಳೆದು ನೋಡಿರಿ. ಆಗಸ್ಟಿನರ ಗೋಪುರಕ್ಕೆ ಚೆಲುವಿತ್ತು, ಗಟ್ಟಿತನವೂ ಇತ್ತು. ಅದರಲ್ಲಿ ವಾಸಿಸುವವರು ಹೋದರು, ಉಪಯೋಗ ಹೋಯಿತು; ಆಮೇಲೆ ಗಟ್ಟಿತನವೂ ಹೋಯಿತು. ಪುರಾಣಕ್ಕೆ ಕಲ್ಲಿನ ಗಟ್ಟಿತನವಿರಲಿಲ್ಲ. ಆದರೆ ಅದನ್ನು ದಿನವೂ ಉಪಯೋಗಿಸುವ ಬಾಯಿಗಳಿದ್ದುವು. ಮುರಕಲ್ಲು ಗಾಳಿ ತಗಲಿ ಗಟ್ಟಿಯಾಗುವಂತೆ ಮಾತು ಬಾಯಿ ತಗಲಿ ಗಟ್ಟಿಯಾಗುತ್ತದೆ.

ನಮ್ಮ ಮನೆಯ ಮಾತು

ಇಲ್ಲಿಗೆ ನಾವು ಮಂಜೇಶ್ವರಕ್ಕೆ ಬರಬೇಕು. ಗೋವೆಯಿಂದ ಬಂದ ಕೊಂಕಣಿ ಮಾತಿನ ಸಮಾಜದಲ್ಲಿ ೧೮೮೩ರಲ್ಲಿ ಹುಟ್ಟಿದ ಗೋವಿಂದ ಪೈಗಳು ಕನ್ನಡದ ಕವಿಯಾದರು. ಯೇಸುವಿನ ಕೊನೆಯ ದಿನವನ್ನು ಕುರಿತ ‘ಗೊಲ್ಗೊಥಾ’ ಎಂಬ ಖಂಡಕಾವ್ಯವನ್ನು ಕನ್ನಡದಲ್ಲಿ ಬರೆದವರು ಅವರೇ. ಅದಕ್ಕೂ ಮುಂಚೆ, ೧೯೧೧ರ ಸುಮಾರಿಗೆ, ಸಾಲಿನ ಎರಡನೆಯ ಅಕ್ಷರದ ಪ್ರಾಸವನ್ನು ಅವರು ಕೈಬಿಟ್ಟರು. ಸಾವಿರ ವರ್ಷಗಳಿಂದ ಕನ್ನಡ ಪದ್ಯದ ಮಾಡು ಹೊತ್ತ ಕಂಬವೆಂದು ಎಲ್ಲರೂ ನಂಬಿದ್ದ ಪ್ರಾಸವದು. ಆಕ್ಷೇಪಿಸಿದವರು ಬಹಳ. ಆದರೆ ಕಂಬ ತೆಗೆದರೂ ಮಾಡು ಕುಸಿಯಲಿಲ್ಲ; ಕೋಣೆ ಅಗಲವಾಯಿತು. ಯಾವುದು ಭಾರ ಹೊರುವ ಕಂಬ, ಯಾವುದು ಅಲಂಕಾರದ ಕಂಬ ಎಂದು ತಿಳಿದ ಮೇಸ್ತ್ರಿ ಮಾತ್ರ ಹೀಗೆ ಮಾಡಬಲ್ಲ.

ನಮ್ಮ ಜಿಲ್ಲೆಯ ಕನ್ನಡ ಕುಟುಂಬಗಳ ಪ್ರಶ್ನೆಯೂ ಇದೇ ಅಲ್ಲವೆ? ೧೯೫೬ರ ನವೆಂಬರ ೧ರಿಂದ ನಾವು ಕೇರಳದಲ್ಲಿದ್ದೇವೆ. ಕಚೇರಿಯ ಮಾತು ಮಲಯಾಳ. ಉದ್ಯೋಗದ ಮಾತು ಇಂಗ್ಲಿಷ್. ಕನ್ನಡ ಶಾಲೆ, ಕನ್ನಡ ಫಾರಂ, ಕನ್ನಡ ಬಲ್ಲ ಅಧಿಕಾರಿ ಬೇಕೆಂದು ಕೇಳುವುದು ನಮ್ಮ ಹಕ್ಕು. ಕೇಳಲೇ ಬೇಕು. ಶಾಲೆಯೆಂಬುದು ಭಾರ ಹೊರುವ ಕಂಬ. ಆದರೆ ಶಾಲೆಯ ಕಟ್ಟಡ ಉಳಿದು ಒಳಗೆ ಕನ್ನಡ ಓದುವ ಮಕ್ಕಳಿಲ್ಲದೆ ಹೋದರೆ ಅದು ಆಗಸ್ಟಿನರ ಗೋಪುರವೇ ಸರಿ. ತರಗತಿಯಲ್ಲಿ ಚೆನ್ನಾಗಿ ಕನ್ನಡ ಬರೆಯುವ ಮಗು ಮನೆಯಲ್ಲಿ ಕನ್ನಡದ ಒಂದು ಪುಸ್ತಕವನ್ನೂ ಕಾಣದಿರುವುದನ್ನು ಅಧ್ಯಾಪಕರಾದ ನಾವು ವರ್ಷವರ್ಷವೂ ನೋಡುತ್ತೇವೆ. ಮನೆಯಲ್ಲಿ ತುಳುವೋ ಕೊಂಕಣಿಯೋ ಹವ್ಯಕ ಕನ್ನಡವೋ ಮರಾಠಿಯೋ ಇದ್ದರೆ ಇರಲಿ. ಅದು ಊರಿನ ಕಲ್ಲು. ಅದರ ಜೊತೆಗೆ ರಾತ್ರಿ ಅರ್ಧ ಗಂಟೆ, ಒಬ್ಬರು ಓದಿ ಉಳಿದವರು ಕೇಳುವ ಕನ್ನಡದ ಚಾವಡಿಯೊಂದು ಇರಬೇಕು. ಮಂಗಳೂರಿನ ಆ ಕ್ರೈಸ್ತ ಕುಟುಂಬಗಳು ಮಾಡಿದ್ದು ಇದಕ್ಕಿಂತ ಹೆಚ್ಚೇನೂ ಅಲ್ಲ. ಅವರಿಗೆ ರಾಜಾಶ್ರಯವಿರಲಿಲ್ಲ, ಅಚ್ಚಿನ ಪುಸ್ತಕವೂ ಇರಲಿಲ್ಲ.

ಗೋವೆಗೆ ಹೋಗುವವರು ಬೊಂ ಜೇಸುವಿನ ಕೆಂಪು ಗೋಡೆಯನ್ನು ಒಮ್ಮೆ ಕೈಯಿಂದ ಮುಟ್ಟಿ ನೋಡಲಿ. ಅದು ನಮ್ಮ ಮನೆಯ ಕಲ್ಲೇ ಎಂದು ಮಕ್ಕಳಿಗೆ ಹೇಳಲಿ. ಬಳಿಕ, ಗೋಡೆಗಳಿಲ್ಲದೆಯೂ ನಾನ್ನೂರು ವರ್ಷ ನಿಂತ ಒಂದು ಮನೆಯ ಕಥೆಯನ್ನೂ ಹೇಳಲಿ. ಆ ಮನೆಯನ್ನು ನಿಲ್ಲಿಸಿದವರು ಅದರೊಳಗೆ ದಿನವೂ ದೀಪ ಹಚ್ಚಿದವರು.